ಸ್ವಭಾನು ಸಂವತ್ಸರದ ಹಸಿರು ಸೂರ್ಯ

ನಮ್ಮ ಹಳೆಯ ಕಾವ್ಯಗಳಲ್ಲಿ ಸೂರ್ಯನು ಬಣ್ಣಗೆಟ್ಟನೆಂದರೆ ಯಾವನೋ ಅರಸನಿಗೆ ಕೇಡುಗಾಲ ಬಂದಿತೆಂದೇ ತಿಳಿಯಬೇಕು. ಕದನಕ್ಕೆ ಮುನ್ನ ಹಗಲಿನಲ್ಲಿ ನರಿಗಳು ಊಳಿಡುತ್ತವೆ, ಉಲ್ಕೆಗಳು ಬೀಳುತ್ತವೆ, ದಿಕ್ಕುಗಳು ಹೊತ್ತಿ ಉರಿಯುತ್ತವೆ, ರವಿಬಿಂಬದ ಕಾಂತಿ ಕುಂದುತ್ತದೆ. ಭೀಷ್ಮಪರ್ವದ ಮೊದಲಲ್ಲಿ ವ್ಯಾಸರು ಧೃತರಾಷ್ಟ್ರನಿಗೆ ಒಂದೊಂದಾಗಿ ಎಣಿಸಿ ಹೇಳುವ ದುರ್ನಿಮಿತ್ತಗಳು ಎಲ್ಲರಿಗೂ ಪರಿಚಿತವಾದವು. ಈ ಉತ್ಪಾತವರ್ಣನೆ ಮುಂದಿನ ಕವಿಗಳಿಗೆ ಒಂದು ಸಂಪ್ರದಾಯವೇ ಆಗಿಹೋಯಿತು. ಇವೆಲ್ಲ ಕವಿಸಮಯಗಳು, ಯಾರೂ ಕಣ್ಣಾರೆ ಕಂಡವಲ್ಲ ಎಂದು ಹೇಳಿ ಮುಂದಿನ ಪದ್ಯಕ್ಕೆ ಹೋಗುವುದು ಕನ್ನಡ ಪಾಠ ಹೇಳುವವರಿಗೆ ಸುಲಭವಾದ ದಾರಿ. ಆದರೆ ಆಕಾಶವು ಒಮ್ಮೊಮ್ಮೆ ಕವಿಗಳನ್ನೂ ಮೀರಿಸುತ್ತದೆ. ಸುಮಾರು ನೂರನಲವತ್ತು ವರ್ಷಗಳ ಹಿಂದೆ ನಮ್ಮ ದಕ್ಷಿಣ ದೇಶದಲ್ಲಿಯೇ ಸೂರ್ಯನು ಹಸಿರಾಗಿ ಮೂಡಿ ಹಸಿರಾಗಿ ಮುಳುಗಿದ ಕೆಲವು ದಿನಗಳುಂಟು. ಆ ದಿನಗಳ ಕಥೆಯನ್ನು ಇಲ್ಲಿ ಹೇಳಬೇಕೆಂದಿದ್ದೇನೆ.

ಅದು ೧೮೮೩ನೆಯ ಇಸವಿಯ ಸೆಪ್ಟೆಂಬರ್ ತಿಂಗಳು. ನಮ್ಮ ಪಂಚಾಂಗದ ಪ್ರಕಾರ ಸ್ವಭಾನು ಸಂವತ್ಸರದ ಭಾದ್ರಪದ ಶುದ್ಧ. ಗಣೇಶನ ಹಬ್ಬ ಕಳೆದು ಕೆಲವೇ ದಿನಗಳಾಗಿದ್ದವು. ೯ನೆಯ ತಾರೀಖಿನ ಸುಮಾರಿಗೆ ಮೊದಲಾಗಿ ನಾಲ್ಕೈದು ದಿನ ಸಿಂಹಳದಲ್ಲಿಯೂ ಮದರಾಸು ಪ್ರಾಂತದ ಹಲವೆಡೆಗಳಲ್ಲಿಯೂ ಜನ ಈ ವಿಚಿತ್ರವನ್ನು ಕಂಡರು. ಸೂರ್ಯನು ಮೇಲಿದ್ದಾಗ ಬಿಂಬಕ್ಕೆ ನೀಲಿಯ ಛಾಯೆ. ದಿಗಂತದ ಕಡೆಗೆ ಇಳಿದಂತೆ ಅದು ಅಚ್ಚ ಹಸಿರು. ಪ್ರಖರತೆ ಎಷ್ಟು ಕುಂದಿತ್ತೆಂದರೆ ಬರಿಗಣ್ಣಿನಿಂದ ಬಿಂಬವನ್ನು ದಿಟ್ಟಿಸಬಹುದಾಗಿತ್ತು. ರಾತ್ರಿ ಚಂದ್ರನಿಗೂ ಅದೇ ಬಣ್ಣ ಬಳಿದಂತಿತ್ತು. ಇನ್ನೊಂದು ಸ್ವಾರಸ್ಯವುಂಟು. ಸ್ವಭಾನುವಿಗೆ ಹಿಂದಿನ ಸಂವತ್ಸರದ ಹೆಸರು ಚಿತ್ರಭಾನು, ಎಂದರೆ ವಿಚಿತ್ರವಾದ ಕಿರಣಗಳುಳ್ಳವನು. ಈ ಘಟನೆ ಒಂದು ವರ್ಷ ಮುಂಚಿತವಾಗಿ ನಡೆದಿದ್ದರೆ ಪಂಚಾಂಗದ ಮಹಿಮೆಗೆ ಅದಕ್ಕಿಂತ ದೊಡ್ಡ ಸಾಕ್ಷ್ಯ ಬೇಕಾಗಿರಲಿಲ್ಲ!

ಈ ಕಾಲದಲ್ಲಿ ಕುಳಿತು ನಾವು ಹೀಗೆ ನಗೆಮಾತು ಆಡಬಹುದು. ಅಂದಿನವರಿಗೆ ಅದು ನಗುವ ವಿಷಯವಾಗಿರಲಿಲ್ಲ. ಧಾತು, ಈಶ್ವರ ಸಂವತ್ಸರಗಳ ಮಹಾಕ್ಷಾಮ, ಎಂದರೆ ೧೮೭೬ರಿಂದ ೧೮೭೮ರವರೆಗಿನ ಬರಗಾಲ, ಕಳೆದು ಆಗ ಕೇವಲ ಐದು ವರ್ಷ. ಅದರ ಹೊಡೆತ ಬಿದ್ದದ್ದು ಮುಖ್ಯವಾಗಿ ಮದರಾಸು, ಮುಂಬಯಿ ಪ್ರಾಂತಗಳು, ಹೈದರಾಬಾದು ಮತ್ತು ಮೈಸೂರು ಸಂಸ್ಥಾನಗಳ ಮೇಲೆ. ೧೮೭೧ರ ಜನಗಣತಿಯಲ್ಲಿ ಐವತ್ತು ಲಕ್ಷವನ್ನು ದಾಟಿದ್ದ ಮೈಸೂರಿನ ಜನಸಂಖ್ಯೆ ೧೮೮೧ರಲ್ಲಿ ನಲವತ್ತೆರಡು ಲಕ್ಷಕ್ಕೂ ಇಳಿದಿತ್ತು. ಈ ಒಂದು ಅಂಕಿ ಸಾಕು, ಆ ದಿನಗಳ ಸಂಕಟವನ್ನು ತಿಳಿಯಲು. ಗಂಜಿಕೇಂದ್ರದ ಮುಂದೆ ಸಾಲು ನಿಂತವರು, ಮನೆಮಂದಿಯನ್ನು ದಾರಿಯಲ್ಲಿಯೇ ಮಣ್ಣುಮಾಡಿ ಬಂದವರು ಆಗ ಊರೂರಿನಲ್ಲಿಯೂ ಇದ್ದರು. ಅಂಥವರ ತಲೆಯ ಮೇಲೆ, ಮಳೆಗಾಲ ಇನ್ನೂ ಮುಗಿಯದಿರುವಾಗ, ಸೂರ್ಯನು ಹಸಿರಾಗಿ ಕಂಡರೆ ಅವರು ಏನೆಂದುಕೊಳ್ಳಬೇಕು?

ಶಾಸ್ತ್ರ ಬಲ್ಲವರನ್ನು ಕೇಳಿದ್ದರೆ ಸಿಗುತ್ತಿದ್ದ ಉತ್ತರ ಧೈರ್ಯ ತುಂಬುವಂತಹುದಲ್ಲ. ಆರನೆಯ ಶತಮಾನದ ವರಾಹಮಿಹಿರನು ತನ್ನ ಬೃಹತ್ಸಂಹಿತೆಯಲ್ಲಿ ಸೂರ್ಯನ ಗತಿ ಮತ್ತು ಲಕ್ಷಣಗಳಿಗಾಗಿ ಒಂದು ಅಧ್ಯಾಯವನ್ನೇ ಮೀಸಲಿಟ್ಟಿದ್ದಾನೆ. ಯಾವ ಋತುವಿನಲ್ಲಿ ಸೂರ್ಯನ ಬಣ್ಣ ಹೇಗಿರಬೇಕು, ಹೇಗಿದ್ದರೆ ಏನು ಫಲ ಎಂದು ಅಲ್ಲಿ ವಿವರಿಸಿದೆ. ಮಳೆಗಾಲದಲ್ಲಿ ಸೂರ್ಯನು ಶಿರೀಷದ, ಎಂದರೆ ನಮ್ಮ ಬಾಗೆಯ, ಹೂವಿನ ಬಣ್ಣದಲ್ಲಿ ತೋರಿದರೆ ಕೂಡಲೇ ಮಳೆ; ನವಿಲುಗರಿಯ ಬಣ್ಣದಲ್ಲಿ ತೋರಿದರೆ ಹನ್ನೆರಡು ವರ್ಷ ಮಳೆಯಿಲ್ಲ. ನವಿಲುಗರಿಯ ಬಣ್ಣ! ನೀಲಿಯೂ ಹೌದು, ಹಸಿರೂ ಹೌದು. ಸಾವಿರದ ಮುನ್ನೂರು ವರ್ಷಗಳ ತರುವಾಯ ಸಿಂಹಳದಲ್ಲಿಯೂ ಮದರಾಸಿನಲ್ಲಿಯೂ ಕಂಡ ಸೂರ್ಯನಿಗೆ ಇದಕ್ಕಿಂತ ಒಪ್ಪುವ ಉಪಮೆಯನ್ನು ನಾನು ಬೇರೆ ಕಂಡಿಲ್ಲ.

ವರಾಹಮಿಹಿರನ ದೃಷ್ಟಿ ಸೂರ್ಯನಲ್ಲಿಯೇ ನಿಲ್ಲುವುದಿಲ್ಲ. ಉಲ್ಕೆ, ಪರಿವೇಷ, ಇಂದ್ರಧನುಸ್ಸು, ಸಿಡಿಲಿನಂತಹ ನಿರ್ಘಾತ, ಒಬ್ಬ ಸೂರ್ಯನ ಪಕ್ಕದಲ್ಲಿ ಇನ್ನೊಬ್ಬ ಕಾಣುವ ಪ್ರತಿಸೂರ್ಯ, ಆಕಾಶದಲ್ಲಿ ಕೋಟೆಕೊತ್ತಳಗಳಂತೆ ತೋರುವ ಗಂಧರ್ವನಗರ, ಇವೆಲ್ಲಕ್ಕೂ ಅವನಲ್ಲಿ ಪ್ರತ್ಯೇಕ ಸ್ಥಾನವುಂಟು. ಕನ್ನಡದಲ್ಲಿಯೂ ಈ ವಿದ್ಯೆಗೆ ಕೊರತೆಯಿರಲಿಲ್ಲ. ೧೩೦೦ರ ಸುಮಾರಿನ ಜೈನಕವಿ ರಟ್ಟಕವಿಯ 'ರಟ್ಟಮತ' ಮಳೆ, ಮಿಂಚು, ಭೂಕಂಪ, ಗ್ರಹಚಾರ, ಶಕುನಗಳನ್ನು ಕುರಿತ ಗ್ರಂಥವೇ ಆಗಿದೆ. ಅದು ಮುಂದಿನ ಶತಮಾನದಲ್ಲಿ ತೆಲುಗಿಗೂ ಹೋಯಿತೆಂದರೆ ಅದಕ್ಕಿದ್ದ ಬೇಡಿಕೆಯನ್ನು ಊಹಿಸಬಹುದು. ಮಳೆಯನ್ನೇ ನಂಬಿ ಬದುಕುವ ದೇಶದಲ್ಲಿ ಆಕಾಶವನ್ನು ಓದುವ ವಿದ್ಯೆಗೆ ಗಿರಾಕಿಗಳಿಲ್ಲದೆ ಇರುವುದುಂಟೆ? ಇವರನ್ನು ಮೂಢರೆಂದು ಹಳಿಯುವುದು ನನಗೆ ಒಪ್ಪಿಗೆಯಾಗದು. ಯಾರೋ ಒಬ್ಬರು, ಯಾವುದೋ ಕಾಲದಲ್ಲಿ, ನವಿಲುಗರಿಯ ಬಣ್ಣದ ಸೂರ್ಯನನ್ನು ಕಂಡು ನೆನಪಿನಲ್ಲಿ ಇಟ್ಟುಕೊಂಡಿರಬೇಕು ಎಂಬುದೇ ನನ್ನ ನಂಬಿಕೆ.

ಇನ್ನು ೧೮೮೩ರ ಹಸಿರಿನ ಮೂಲವನ್ನು ಹುಡುಕಿಕೊಂಡು ಹೋದರೆ ನಾವು ತಲಪುವುದು ಜಾವಾ ಸುಮಾತ್ರಾಗಳ ನಡುವಣ ಸುಂಡಾ ಜಲಸಂಧಿಯನ್ನು. ಅಲ್ಲಿ ಕ್ರಕಟೋವ ಎಂಬ ಒಂದು ಜನವಸತಿಯಿಲ್ಲದ ದ್ವೀಪವಿತ್ತು. ಆ ವರ್ಷದ ಮೇ ೨೦ರಂದು ಅದರ ಅಗ್ನಿಪರ್ವತ ಹೊಗೆಯುಗುಳಲು ಮೊದಲು ಮಾಡಿತು. ಮೂರು ತಿಂಗಳು ಹೀಗೆ ಗುಡುಗಿ, ಆಗಸ್ಟ್ ೨೬ರ ಮಧ್ಯಾಹ್ನ ಅದರ ಉಗ್ರರೂಪ ಪ್ರಕಟವಾಯಿತು. ಮರುದಿನ ಬೆಳಗ್ಗೆ ಹತ್ತು ಗಂಟೆಯ ವೇಳೆಗೆ ಆದ ಸ್ಫೋಟದಲ್ಲಿ ದ್ವೀಪದ ಮೂರರಲ್ಲಿ ಎರಡು ಪಾಲು ಇಲ್ಲವಾಯಿತು. ಸಮುದ್ರ ನೂರು ಅಡಿಗೂ ಮೇಲೆದ್ದು ಎರಡು ತೀರಗಳ ಮೇಲೆಯೂ ನುಗ್ಗಿತು. ಅಂಜೇರ್, ಮೆರಾಕ್, ತೆಲೊಕ್ ಬೆತುಂಗ್ ಮೊದಲಾದ ಊರುಗಳು ತೊಳೆದುಹೋದವು. ಒಂದು ಯುದ್ಧನೌಕೆಯನ್ನು ಅಲೆ ಎತ್ತಿಕೊಂಡು ಹೋಗಿ ಒಂದೂವರೆ ಮೈಲಿಗೂ ಆಚೆ ಕಾಡಿನೊಳಗೆ ಇಳಿಸಿತು. ಡಚ್ಚರ ಸರ್ಕಾರದ ಲೆಕ್ಕದ ಪ್ರಕಾರ ಸತ್ತವರು ೩೬,೪೧೭ ಮಂದಿ. ಅವರಲ್ಲಿ ಬಹುಮಂದಿ ಬೆಂಕಿಯಿಂದಲ್ಲ, ನೀರಿನಿಂದ ಸತ್ತರು. ಮದರಾಸಿನವರ ಕಣ್ಣಿಗೆ ವಿಚಿತ್ರವಾಗಿ ತೋರಿದ ಆ ಬಣ್ಣದ ಹಿಂದೆ ಇಷ್ಟು ಜನರ ಮರಣವಿತ್ತೆಂಬುದನ್ನು ಮರೆಯಬಾರದು.

ಆ ಸ್ಫೋಟದ ಸದ್ದು ಹೋದ ದೂರ ನಂಬಲು ಕಷ್ಟವಾದದ್ದು. ಸಿಂಗಪುರದಲ್ಲಿ ಅದನ್ನು ಕೇಳಿದವರು ಯಾವುದೋ ಹಡಗು ಅಪಾಯದಲ್ಲಿ ಸಿಲುಕಿ ತೋಪು ಹಾರಿಸುತ್ತಿದೆಯೆಂದು ಬಗೆದು, ಹುಡುಕಿಬರಲು ಎರಡು ಹಡಗುಗಳನ್ನು ಅಟ್ಟಿದರು. ಹಿಂದೂ ಮಹಾಸಾಗರದ ಆಚೆಯ ರಾಡ್ರಿಗಸ್ ದ್ವೀಪ ಅಲ್ಲಿಗೆ ಸುಮಾರು ಮೂರು ಸಾವಿರ ಮೈಲಿ. ಸ್ಫೋಟವಾದ ನಾಲ್ಕು ಗಂಟೆಗಳ ಅನಂತರ ಅಲ್ಲಿನ ಪೊಲೀಸು ಮುಖ್ಯಾಧಿಕಾರಿ ಪೂರ್ವದಿಕ್ಕಿನಿಂದ ಫಿರಂಗಿಗಳ ಗರ್ಜನೆಯಂತಹ ಶಬ್ದ ಬಂದುದನ್ನು ಬರೆದಿಟ್ಟನು. ಕಿವಿಗೆ ಕೇಳಿಸದ ಅಲೆಯೊಂದು ವಾಯುಮಂಡಲದಲ್ಲಿ ಇನ್ನೂ ದೂರ ಸಾಗಿತು. ಮುಂದಿನ ಐದು ದಿನ ಪ್ರಪಂಚದ ಬೇರೆಬೇರೆ ನಗರಗಳ ವಾಯುಭಾರಮಾಪಕಗಳಲ್ಲಿ ಅದೇ ಅಲೆ ಬರುತ್ತ ಹೋಗುತ್ತ ಏಳು ಸಲದವರೆಗೆ ಗೆರೆ ಎಳೆಯಿತು. ತಂತಿಯ ಮೂಲಕ ಸುದ್ದಿ ಲಂಡನ್ನಿಗೆ ಬೇಗ ಮುಟ್ಟಿತು. ಆದರೆ ಹಸಿರು ಸೂರ್ಯನಿಗೂ ಈ ಸುದ್ದಿಗೂ ಗಂಟು ಹಾಕುವುದು ಯಾರಿಗೂ ಕೂಡಲೇ ಹೊಳೆಯಲಿಲ್ಲ.

ಹೊಳೆಯದಿರಲು ಕಾರಣವೂ ಉಂಟು. ಕ್ರಕಟೋವದಿಂದ ಮದರಾಸಿಗೆ ಎರಡು ಸಾವಿರ ಮೈಲಿಗಿಂತ ಸ್ವಲ್ಪ ಹೆಚ್ಚು ದೂರ. ಗಾಳಿ ನೇರವಾಗಿ ಧೂಳನ್ನು ತಂದಿದ್ದರೆ ಎರಡು ಮೂರು ದಿನಗಳಲ್ಲಿ ತರಬೇಕಾಗಿತ್ತು. ಸೂರ್ಯನು ಹಸಿರಾದದ್ದಾದರೋ ಸ್ಫೋಟವಾದ ಹದಿಮೂರು ದಿನಗಳ ಮೇಲೆ. ಈ ಒಗಟಿಗೆ ಉತ್ತರ ಯಾವ ಒಬ್ಬನ ಕಣ್ಣಿಗೂ ಕಾಣುವಂತಿರಲಿಲ್ಲ. ಊರೂರಿನವರು ಬರೆದಿಟ್ಟ ತಾರೀಖುಗಳನ್ನು ಸಾಲಾಗಿ ಜೋಡಿಸಿದಾಗ ಮಾತ್ರ ಅದು ಕಂಡಿತು. ಮೊದಲು ಹಿಂದೂ ಮಹಾಸಾಗರದ ಪಶ್ಚಿಮದ ದ್ವೀಪಗಳು; ಸೆಪ್ಟೆಂಬರ್ ೧ರ ವೇಳೆಗೆ ಆಫ್ರಿಕದ ಪಶ್ಚಿಮ ಕರಾವಳಿ; ೨ರಂದು ಅಟ್ಲಾಂಟಿಕ್ಕಿನ ಆಚೆಯ ಟ್ರಿನಿಡಾಡ್; ೫ರಂದು ಶಾಂತಸಾಗರದ ನಡುವಣ ಹೊನೊಲುಲು; ೯ರ ಹೊತ್ತಿಗೆ ಮತ್ತೆ ಹಿಂದೂ ಮಹಾಸಾಗರ, ಸಿಂಹಳ, ಮದರಾಸು. ಎಂದರೆ ನಮ್ಮವರು ಕಂಡ ಧೂಳು ಪೂರ್ವದಿಂದ ಪಶ್ಚಿಮಕ್ಕೆ ಹೊರಟು, ಭೂಮಂಡಲವನ್ನು ಒಂದು ಸುತ್ತು ಪ್ರದಕ್ಷಿಣೆ ಮಾಡಿಕೊಂಡು ಬಂದ ಧೂಳು! ಗಂಟೆಗೆ ಎಪ್ಪತ್ತು ಎಂಬತ್ತು ಮೈಲಿ ವೇಗದ ಗಾಳಿಯೊಂದು ಭೂಮಧ್ಯರೇಖೆಯ ಮೇಲೆ, ಮೋಡಗಳಿಗೂ ಮೇಲೆ ಬೀಸುತ್ತಿತ್ತು. ಅಷ್ಟು ಎತ್ತರದಲ್ಲಿ ಅಂತಹ ಗಾಳಿ ಇದೆಯೆಂದು ಅದುವರೆಗೆ ಮನುಷ್ಯರಿಗೆ ತಿಳಿದಿರಲಿಲ್ಲ.

ಈ ಸರಣಿಯನ್ನು ಮೊದಲು ಗುರುತಿಸಿದವರಲ್ಲಿ ಹೊನೊಲುಲುವಿನ ಪಾದ್ರಿ ಸೆರೆನೊ ಬಿಷಪ್ ಮುಖ್ಯನಾದವನು. ಅವನು ಹವಾಮಾನಶಾಸ್ತ್ರದ ಪಂಡಿತನಲ್ಲ. ಸಂಜೆಯ ವಿಚಿತ್ರವಾದ ಕೆಂಪನ್ನು ಕಂಡು ಗುರುತು ಹಾಕಿಕೊಂಡನು. ಸುತ್ತಣ ದ್ವೀಪಗಳವರು, ಹಡಗಿನವರು ಕಂಡದ್ದನ್ನು ಸಂಗ್ರಹಿಸಿದನು. ಭೂಮಧ್ಯರೇಖೆಯ ಮೇಲಿನ ಹೊಗೆಯ ಹೊಳೆಯೊಂದನ್ನು ಊಹಿಸಿದನು. ಸೂರ್ಯನ ಸುತ್ತ ಒಂದು ಕಂದುಗೆಂಪಿನ ದೊಡ್ಡ ಬಳೆ ಕಾಣುತ್ತಿದೆಯೆಂದು ವರದಿ ಮಾಡಿದವನೂ ಅವನೇ. ಇಂದಿಗೂ ಆ ಬಗೆಯ ಪರಿವೇಷಕ್ಕೆ 'ಬಿಷಪ್‌ನ ಬಳೆ' ಎಂದೇ ಹೆಸರು.

ಅತ್ತ ಧೂಳಿನ ತೆರೆ ಮೆಲ್ಲಮೆಲ್ಲನೆ ಉತ್ತರಕ್ಕೂ ಹಬ್ಬಿತು. ನವೆಂಬರ್ ಕೊನೆಯ ಹೊತ್ತಿಗೆ ಯೂರೋಪು ಅಮೆರಿಕಗಳ ಸಂಜೆಗಳು ಕೆಂಡದಂತೆ ಉರಿದವು. ಅಮೆರಿಕದ ಕೆಲವು ಪಟ್ಟಣಗಳಲ್ಲಿ ಎಲ್ಲಿಯೋ ಬೆಂಕಿ ಬಿದ್ದಿದೆಯೆಂದು ಬೆಂಕಿ ಆರಿಸುವ ಬಂಡಿಗಳೇ ಓಡಿದವು. ಲಂಡನ್ನಿನಲ್ಲಿ ವಿಲಿಯಂ ಆ್ಯಸ್‌ಕ್ರಾಫ್ಟ್ ಎಂಬ ಚಿತ್ರಕಾರನು ಥೇಮ್ಸ್ ನದಿಯ ದಂಡೆಯಲ್ಲಿ ನಿಂತು ಸಂಜೆಯಿಂದ ಸಂಜೆಗೆ ಬಣ್ಣ ಬದಲಾಗುವುದನ್ನು ಸೀಮೆಸುಣ್ಣದ ಬಣ್ಣಗಳಲ್ಲಿ ಹಿಡಿದಿಟ್ಟನು. ಅಂತಹ ಚಿತ್ರಗಳು ಐನೂರಕ್ಕೂ ಹೆಚ್ಚು. ಸಾಹಿತ್ಯದ ವಿದ್ಯಾರ್ಥಿಗಳಿಗೆ ಇನ್ನೊಂದು ಸಂಗತಿ ರುಚಿಸಬಹುದು. ಆಗ ಒಂದು ಶಾಲೆಯಲ್ಲಿ ಪ್ರಾಚೀನ ಭಾಷೆಗಳನ್ನು ಪಾಠ ಹೇಳುತ್ತಿದ್ದ ಕವಿ ಜೆರಾರ್ಡ್ ಮ್ಯಾನ್ಲಿ ಹಾಪ್‌ಕಿನ್ಸ್ ಈ ಸಂಜೆಗಳನ್ನು ಕಂಡು ಬರೆದದ್ದು ಪದ್ಯವನ್ನಲ್ಲ. 'ನೇಚರ್' ಎಂಬ ವಿಜ್ಞಾನಪತ್ರಿಕೆಗೆ ಒಂದು ಕಾಗದವನ್ನು. ಅದು ೧೮೮೪ರ ಜನವರಿಯಲ್ಲಿ ಅಚ್ಚಾಯಿತು. ದಿನನಿತ್ಯದ ಸಂಜೆಗೆಂಪಿಗೂ ಇದಕ್ಕೂ ಇರುವ ವ್ಯತ್ಯಾಸವನ್ನು, ಹೊಳಪು, ಸ್ಥಾನ, ಕಾಲಾವಧಿ ಎಂದು ಬಿಡಿಬಿಡಿಯಾಗಿ, ಅಳೆದು ತೂಗಿ ಅವನು ವಿವರಿಸಿದನು. ಉತ್ಪ್ರೇಕ್ಷೆಗೆ ಇದಕ್ಕಿಂತ ಒಳ್ಳೆಯ ಅವಕಾಶ ಕವಿಗೆ ಒದಗುವುದು ಅಪರೂಪ. ಆದರೂ ಅವನು ತಾನು ಕಂಡದ್ದರ ಆಚೆಗೆ ಒಂದು ಹೆಜ್ಜೆಯನ್ನೂ ಇಡಲಿಲ್ಲ.

೧೮೮೪ರ ಆರಂಭದಲ್ಲಿ ಲಂಡನ್ನಿನ ರಾಯಲ್ ಸೊಸೈಟಿ ಈ ವಿಷಯದ ವಿಚಾರಣೆಗೆ ಒಂದು ಸಮಿತಿಯನ್ನು ನೇಮಿಸಿ, ಕಂಡವರೆಲ್ಲ ಬರೆದು ತಿಳಿಸಬೇಕೆಂದು ಪತ್ರಿಕೆಗಳ ಮೂಲಕ ಕೋರಿತು. ಹಡಗಿನ ಕಪ್ತಾನರು, ಪಾದ್ರಿಗಳು, ಉಪಾಧ್ಯಾಯರು, ಅಧಿಕಾರಿಗಳು ಬರೆದು ಕಳುಹಿಸಿದರು. ಸೈಮನ್ಸ್ ಎಂಬವರ ಸಂಪಾದಕತ್ವದಲ್ಲಿ ೧೮೮೮ರಲ್ಲಿ ಹೊರಬಂದ ವರದಿ ಹತ್ತಿರ ಹತ್ತಿರ ಐನೂರು ಪುಟಗಳದು. ಅದರಲ್ಲಿ ನಮ್ಮ ದಕ್ಷಿಣದ ಸಾಕ್ಷ್ಯಕ್ಕೂ ಒಳ್ಳೆಯ ಸ್ಥಾನ ದೊರೆತಿದೆ. ಮದರಾಸಿನ ಸರ್ಕಾರಿ ಖಗೋಳಜ್ಞನಾಗಿದ್ದ ಪಾಗ್ಸನ್ ಇದನ್ನು ಗಮನಿಸಿದ್ದನು. ಅದಕ್ಕಿಂತ ಮುಖ್ಯವಾದುದು ಮದರಾಸಿನ ಕ್ರಿಶ್ಚಿಯನ್ ಕಾಲೇಜಿನಲ್ಲಿ ಭೌತವಿಜ್ಞಾನದ ಅಧ್ಯಾಪಕನಾಗಿದ್ದ ಮಿಚಿ ಸ್ಮಿತ್ ಮಾಡಿದ ಕೆಲಸ. ಅವನು ಬೆಳಕನ್ನು ಸೀಳಿ ತೋರಿಸುವ ರೋಹಿತದರ್ಶಕವನ್ನು ಹಸಿರು ಸೂರ್ಯನ ಕಡೆಗೆ ತಿರುಗಿಸಿದನು. ಕೆಂಪಿನ ಭಾಗವೇ ಬಹಳಮಟ್ಟಿಗೆ ಕಾಣೆಯಾಗಿತ್ತು. ನೀರಾವಿಯಿಂದ ಉಂಟಾಗುವ ಕಪ್ಪು ಪಟ್ಟಿಗಳು ದಟ್ಟವಾಗಿದ್ದವು. ಇದೇ ಮಿಚಿ ಸ್ಮಿತ್ ಮುಂದೆ ಪಾಗ್ಸನ್ನನ ಸ್ಥಾನಕ್ಕೆ ಬಂದು, ಕೊಡೈಕನಾಲಿನ ಸೂರ್ಯವೀಕ್ಷಣಾಲಯದ ಮೊದಲ ನಿರ್ದೇಶಕನಾದನು.

ಹಾಗಾದರೆ ಧೂಳು ಸೂರ್ಯನನ್ನು ಕೆಂಪು ಮಾಡುವ ಬದಲು ಹಸಿರು ಮಾಡಿದ್ದು ಹೇಗೆ? ಬೇಸಗೆಯ ಸಂಜೆ ಬಂಡಿಯ ಧೂಳೆದ್ದಾಗ ಸೂರ್ಯ ಕೆಂಪಾಗುವುದನ್ನು ಎಲ್ಲರೂ ಕಂಡಿದ್ದೇವೆ. ವಾಯುಮಂಡಲದ ಅತಿ ಸಣ್ಣ ಕಣಗಳು ನೀಲಿಯನ್ನು ಹೆಚ್ಚಾಗಿ ಚೆದುರಿಸಿಬಿಡುತ್ತವೆ. ನಮ್ಮ ಕಡೆಗೆ ನೇರವಾಗಿ ಬರುವುದರಲ್ಲಿ ಕೆಂಪು ಉಳಿಯುತ್ತದೆ. ಕಣಗಳ ಗಾತ್ರ ಮಿಲಿಮೀಟರಿನ ಸಾವಿರದಲ್ಲಿ ಒಂದು ಪಾಲಿನ ಆಸುಪಾಸಿನಲ್ಲಿದ್ದು, ಅವು ಬಹುತೇಕ ಸಮನಾಗಿಯೂ ಇದ್ದರೆ ಲೆಕ್ಕ ತಿರುವುಮುರುವಾಗುತ್ತದೆ. ಆಗ ಚೆದುರಿಹೋಗುವುದು ಕೆಂಪು, ಉಳಿಯುವುದು ನೀಲಿ ಮತ್ತು ಹಸಿರು. ಸಾಮಾನ್ಯವಾದ ಧೂಳಿನಲ್ಲಿ ದಪ್ಪ ಸಣ್ಣ ಎಲ್ಲ ಬೆರೆತಿರುವುದರಿಂದ ಈ ಬಣ್ಣ ಅಪರೂಪ. ಬಹುದೂರ ಪಯಣ ಮಾಡಿದ ಧೂಳಿನಲ್ಲಿ ದಪ್ಪನೆಯವು ದಾರಿಯಲ್ಲಿಯೇ ಉದುರಿಹೋಗಿ, ಜರಡಿ ಹಿಡಿದಂತೆ ಒಂದೇ ಗಾತ್ರದವು ಉಳಿಯುವುದು ಸಾಧ್ಯ. ಇಂತಹ ಕಣಗಳ ಗಣಿತವನ್ನು ಜರ್ಮನಿಯ ಗುಸ್ತಾವ್ ಮೀ ೧೯೦೮ರಲ್ಲಿ ಬಿಡಿಸಿ ತೋರಿಸಿದನು.

ಆ ಗಾಳಿಯ ಕಥೆಯೂ ಅಲ್ಲಿಗೇ ಮುಗಿಯಲಿಲ್ಲ. ಪೂರ್ವದಿಂದ ಬೀಸಿದ ಅದಕ್ಕೆ 'ಕ್ರಕಟೋವ ಮಾರುತ'ವೆಂದೇ ಹೆಸರಿಟ್ಟರು. ೧೯೦೮ರಲ್ಲಿ ಆಫ್ರಿಕದಲ್ಲಿ ಬೆಲೂನುಗಳನ್ನು ಹಾರಿಸಿದ ಬೆರ್ಸನ್ ಎಂಬ ಜರ್ಮನ್ ವಿಜ್ಞಾನಿಗೆ ಅಷ್ಟೇ ಎತ್ತರದಲ್ಲಿ ಪಶ್ಚಿಮದ ಗಾಳಿ ಸಿಕ್ಕಿತು. ಇಬ್ಬರಲ್ಲಿ ಸುಳ್ಳು ಹೇಳಿದವರು ಯಾರು? ಐವತ್ತು ವರ್ಷ ಇದು ಬಗೆಹರಿಯದ ವ್ಯಾಜ್ಯವಾಗಿತ್ತು. ೧೯೬೦ರ ಸುಮಾರಿಗೆ ಅಮೆರಿಕದಲ್ಲಿ ರೀಡ್, ಇಂಗ್ಲೆಂಡಿನಲ್ಲಿ ಎಬ್ಡನ್ ಬೇರೆಬೇರೆಯಾಗಿ ತೀರ್ಪು ಕೊಟ್ಟರು. ಇಬ್ಬರೂ ಸತ್ಯವನ್ನೇ ಹೇಳಿದ್ದರು. ಭೂಮಧ್ಯರೇಖೆಯ ಮೇಲಿನ ಆ ಗಾಳಿ ಸುಮಾರು ಇಪ್ಪತ್ತೆಂಟು ತಿಂಗಳಿಗೊಮ್ಮೆ ಪೂರ್ವದಿಂದ ಪಶ್ಚಿಮಕ್ಕೆ, ಪಶ್ಚಿಮದಿಂದ ಪೂರ್ವಕ್ಕೆ ತನ್ನ ದಿಕ್ಕನ್ನು ಬದಲಾಯಿಸುತ್ತ ಸುತ್ತು ಮುಗಿಸುತ್ತದೆ.

ಹಸಿರು ನೀಲಿಯ ಸೂರ್ಯ ೧೮೮೩ರಲ್ಲಿ ಮಾತ್ರ ಕಂಡದ್ದೂ ಅಲ್ಲ. ೧೮೩೧ರಲ್ಲಿಯೂ ಲೋಕದ ಹಲವೆಡೆ ಕಂಡಿದ್ದುಂಟು. ಅದಕ್ಕೆ ಕಾರಣವಾದ ಅಗ್ನಿಪರ್ವತ ಜಪಾನಿನ ಉತ್ತರಕ್ಕಿರುವ ಕುರಿಲ್ ದ್ವೀಪಗಳದೆಂದು, ಹಿಮದಲ್ಲಿ ಹುದುಗಿದ್ದ ಬೂದಿಯ ಕಣಗಳನ್ನು ಹೋಲಿಸಿ ವಿಜ್ಞಾನಿಗಳು ಪತ್ತೆಮಾಡಿದ್ದು ತೀರ ಈಚೆಗೆ. ಘಟನೆ ನಡೆದು ನೂರತೊಂಬತ್ತು ವರ್ಷಗಳಾದ ಮೇಲೆ! ೧೯೫೦ರ ಸೆಪ್ಟೆಂಬರ್ ೨೬ರಂದು ಸ್ಕಾಟ್ಲೆಂಡಿನಲ್ಲಿ ನೀಲಿ ಸೂರ್ಯ ಕಂಡಾಗ ಕಾರಣ ಕೆನಡಾದ ಕಾಡುಗಿಚ್ಚಿನ ಹೊಗೆ. ೨೦೨೨ರ ಜನವರಿ ೧೫ರಂದು ಶಾಂತಸಾಗರದ ಟೋಂಗಾ ಬಳಿ ಕಡಲೊಳಗಿನ ಅಗ್ನಿಪರ್ವತ ಸಿಡಿದಾಗ ಕ್ರಕಟೋವದ ಕಾಲದಂತೆಯೇ ಗಾಳಿಯ ಅಲೆ ಭೂಮಿಯನ್ನು ಮತ್ತೆ ಮತ್ತೆ ಸುತ್ತಿತು.

ಹನ್ನೆರಡು ವರ್ಷ ಮಳೆಯಿಲ್ಲವೆಂಬ ಮಾತು ಏನಾಯಿತು? ಮಳೆ ಬಂದಿತು, ಜನ ಬಿತ್ತಿದರು, ಬೆಳೆದರು. ಶಾಸ್ತ್ರದ ಕಣ್ಣು ಸರಿಯಾಗಿತ್ತು, ಫಲ ಹುಸಿಯಾಯಿತು. ಬಣ್ಣವನ್ನು ಋತುವಿಗೆ ಹೊಂದಿಸಿ, ಹೂವಿಗೂ ಗರಿಗೂ ಹೋಲಿಸಿ ಗುರುತಿಸುವಷ್ಟು ಸೂಕ್ಷ್ಮತೆ ನಮ್ಮ ಹಿಂದಿನವರಿಗೆ ಇತ್ತು. ಆದರೆ ಕಂಡದ್ದನ್ನು ಅವರು ತಮ್ಮ ದೇಶದ ಮಳೆಬೆಳೆಗೆ, ತಮ್ಮ ದೊರೆಯ ಅಳಿವು ಉಳಿವಿಗೆ ಗಂಟುಹಾಕಿದರು. ಪಕ್ಕದ ದೇಶದಲ್ಲಿಯೂ ಅದೇ ಸೂರ್ಯ ಕಂಡನೆ, ಯಾವ ದಿನ ಕಂಡನು, ಮುಂದೆ ಅಲ್ಲಿ ಏನಾಯಿತು ಎಂದು ಕೇಳಿ ತಾಳೆ ನೋಡುವ ಅನುಕೂಲ ಅವರಿಗೆ ಇರಲಿಲ್ಲ. ೧೮೮೩ರಲ್ಲಿ ಅಂಚೆ ತಂತಿಗಳು ಆ ಅನುಕೂಲವನ್ನು ಒದಗಿಸಿದವು.

೨೦೨೧ರ ಮೇ ೨೪ರಂದು ಬೆಂಗಳೂರಿನ ಮೇಲೆ ನಡುಹಗಲಿನಲ್ಲಿ ಸೂರ್ಯನ ಸುತ್ತ ದೊಡ್ಡ ಪರಿವೇಷವೊಂದು ಕಾಣಿಸಿಕೊಂಡಿತು. ಕೋವಿಡ್ ಪಿಡುಗಿನ ಎರಡನೆಯ ಅಲೆಯ ದಿನಗಳವು. ಬೀದಿಗಳು ಬಿಕೋ ಎನ್ನುತ್ತಿದ್ದವು, ಸಾವಿನ ಸುದ್ದಿ ಬಾರದ ಮನೆಯಿರಲಿಲ್ಲ. ಜನ ಮಹಡಿಗಳ ಮೇಲೆ ನಿಂತು ನೋಡಿದರು. ನಮ್ಮ ನೆರೆಯ ಹಿರಿಯರೊಬ್ಬರು "ಇದು ಒಳ್ಳೆಯದಕ್ಕೋ ಕೆಟ್ಟದ್ದಕ್ಕೋ, ಮೇಷ್ಟ್ರೆ?" ಎಂದು ಕೇಳಿದರು. ಎತ್ತರದ ತೆಳುಮೋಡದಲ್ಲಿರುವ ಹಿಮದ ಹರಳುಗಳೊಳಗೆ ಬೆಳಕು ಬಾಗಿದರೆ ಇಂತಹ ಬಳೆ ಕಾಣುತ್ತದೆಂದು ಹೇಳಿದೆ. ಅವರು ತಲೆದೂಗಿದರು, ಆದರೂ ಕೈ ಮುಗಿಯುವುದನ್ನು ಬಿಡಲಿಲ್ಲ. ಆಗತಾನೆ ತಮ್ಮನನ್ನು ಕಳೆದುಕೊಂಡಿದ್ದವರು ಅವರು. ಧಾತು ಈಶ್ವರದ ಬರವನ್ನು ಉಂಡವರ ಮನಸ್ಸು ಸ್ವಭಾನುವಿನಲ್ಲಿ ಹೇಗಿದ್ದಿರಬಹುದೆಂಬುದು ಯಾವ ಗ್ರಂಥಕ್ಕಿಂತಲೂ ಹೆಚ್ಚಾಗಿ ಅಂದು ನನಗೆ ಮನದಟ್ಟಾಯಿತು.

ಅಂಜಿಕೆಯನ್ನು ಹೀಯಾಳಿಸಿ ಓಡಿಸಲು ಆಗುವುದಿಲ್ಲ. ಅದರ ಪಕ್ಕದಲ್ಲಿ ಒಂದು ಕಾಗದ, ಒಂದು ಲೇಖನಿ ಇರುವಂತೆ ನೋಡಿಕೊಳ್ಳಬಹುದು. ಹೊನೊಲುಲುವಿನ ಪಾದ್ರಿ, ರಾಡ್ರಿಗಸಿನ ಪೊಲೀಸಿನವನು, ಮದರಾಸಿನ ಅಧ್ಯಾಪಕ, ಇವರಲ್ಲಿ ಯಾರಿಗೂ ತಾವು ಒಂದು ಮಹಾಮಾರುತದ ದಾರಿಯನ್ನು ಗುರುತಿಸುತ್ತಿದ್ದೇವೆಂಬ ಅರಿವು ಆ ಗಳಿಗೆಯಲ್ಲಿ ಇರಲಿಲ್ಲ. ಯಾವ ದಿನ, ಎಷ್ಟು ಹೊತ್ತಿಗೆ, ಯಾವ ದಿಕ್ಕಿನಲ್ಲಿ, ಯಾವ ಬಣ್ಣ ಎಂದು ಬರೆದರು, ಅಷ್ಟೆ. ನಮ್ಮ ಕಾಲದಲ್ಲಿ ಆಕಾಶದ ವಿಚಿತ್ರವೊಂದರ ಚಿತ್ರ ಕ್ಷಣಮಾತ್ರದಲ್ಲಿ ಸಾವಿರ ಕೈಗಳಿಗೆ ಹೋಗುತ್ತದೆ. ಊರು, ಹೊತ್ತು, ದಿಕ್ಕು ಮಾತ್ರ ಅದರ ಜೊತೆಯಲ್ಲಿ ಹೋಗುವುದು ಕಡಿಮೆ. ಇನ್ನೊಮ್ಮೆ ನವಿಲುಗರಿಯ ಬಣ್ಣದ ಸೂರ್ಯ ನಮ್ಮ ನೆತ್ತಿಯ ಮೇಲೆ ಬಂದರೆ, ಬೇಕ್ಕಾದವರು ಕೈ ಮುಗಿಯಲಿ. ಮುಗಿದ ಮೇಲೆ ಗಡಿಯಾರವನ್ನು ನೋಡಿ ಒಂದು ಸಾಲು ಬರೆದಿಡಲಿ.